ತಿರುಗಿ ನೋಡದ ವೀಣೆಗಾರ

ಮದುವೆಯಾದ ಗಂಡಸು ಹೆಂಡತಿಯ ಅಣ್ಣನಿಗೆ ಸ್ವಲ್ಪ ಹೆದರುವುದು ಸಹಜ. ಆ ಅಣ್ಣ ತತ್ತ್ವಶಾಸ್ತ್ರ ಓದಿದವನಾದರೆ ಹೆದರಿಕೆಗೆ ಅರ್ಥವೂ ಉಂಟು. ನನ್ನ ಬಾವ ನನ್ನ ಜತೆಯಲ್ಲೇ ಓದಿದವನು, ಬೊಂಬಾಯಿಯ ಕಾಲೇಜಿನಲ್ಲಿ ಮೇಷ್ಟ್ರು. ಅರುವತ್ತರ ದಶಕದ ಒಂದು ಬೇಸಗೆ ರಜೆಗೆ ಅಂಗೈಯಗಲದ ಸಿನಿಮಾ ಕ್ಯಾಮರಾ ಹಿಡಿದುಕೊಂಡು ಬಂಟ್ವಾಳದ ನಮ್ಮ ಮನೆಗೆ ಬಂದ. ಹಾಡೂ ಮಾತೂ ಇಲ್ಲದ ಪ್ರಯೋಗದ ಸಿನಿಮಾ ತೆಗೆಯುತ್ತಾನಂತೆ. ಕಥೆ ಗ್ರೀಕರದು. ಸತ್ತ ಹೆಂಡತಿಯನ್ನು ಕರೆತರಲು ಒಬ್ಬ ವೀಣೆಗಾರ ಪಾತಾಳಕ್ಕೆ ಇಳಿಯುತ್ತಾನೆ. ಅವಳು ಹಿಂದೆ ಬರುತ್ತಾಳೆ, ಮೇಲೆ ಮುಟ್ಟುವವರೆಗೆ ಅವನು ತಿರುಗಿ ನೋಡಬಾರದು. ನೋಡುತ್ತಾನೆ, ಅವಳು ಮಾಯ. "ಸಂಶಯವೇ ಮನುಷ್ಯನ ದುರಂತ ಬಾವ," ಎಂದ. ಅರ್ಥವಾದವನಂತೆ ತಲೆಯಾಡಿಸಿದ್ದೇ ನನಗೆ ಮುಳುವಾಯಿತು.

ವೀಣೆಗಾರ ನಾನು, ಅವನ ಹೆಂಡತಿಯಾಗಿ ನನ್ನ ಹೆಂಡತಿ ವಾರಿಜ. ಪಾತಾಳವೆಂದರೆ ಮೂಡುಬಿದಿರೆ ರಸ್ತೆ ಬದಿಯ ಕೆಂಪುಕಲ್ಲು ಕಡಿದು ಬಿಟ್ಟ ಹಳೇ ಕೋರೆಯ ಹೊಂಡ. ವೀಣೆ ಸಿಗದೆ ಭಜನೆಯ ಹಾರ್ಮೋನಿಯಂ ನನ್ನ ಕುತ್ತಿಗೆಗೆ ಬಿತ್ತು. "ಫಿಲ್ಮು ಇನ್ನು ಚೂರೇ ಉಂಟು. ನಾನು ಕೈ ಎತ್ತಿದ ಕೂಡಲೇ ತಿರುಗಿ ನೋಡು," ಎಂದು ಬಾವ ಮೇಲೆ ನಿಂತ. ನಾವು ಹತ್ತತೊಡಗಿದೆವು. ಅವನು ಕೈ ಎತ್ತಿದ. ಹಿಂದಿನಿಂದ ವಾರಿಜ, "ತಿರುಗಬೇಡಿ ಮಾರಾಯ್ರೆ. ಸುಡುಗಾಡಿನಿಂದ ಬರುವಾಗಲೇ ತಿರುಗಿ ನೋಡ್ಲಿಕ್ಕಿಲ್ಲ, ಇನ್ನು ಯಮನ ಮನೆಯಿಂದ ಬರುವಾಗ ನೋಡುವುದುಂಟಾ? ನಾನು ಹಿಂದೆಯೇ ಇದ್ದೇನೆ, ನೀವು ನಡೆಯಿರಿ," ಎಂದಳು.

ಹೆಣ ಸುಟ್ಟು ಬರುವವರು ತಿರುಗಿ ನೋಡಬಾರದೆಂದು ನಾನೂ ಚಿಕ್ಕಂದಿನಿಂದ ಕಲಿತವನೇ. ಕುತ್ತಿಗೆ ತಿರುಗಲಿಲ್ಲ. ಅವಳು ಹಿಂದೆಯೇ ಇದ್ದೇನೆಂದ ಮೇಲೆ ಸಂಶಯಪಡಲು ಕಾರಣವೂ ಉಳಿಯಲಿಲ್ಲ. ಬಾವ ಕೈ ಬೀಸಿದ, ಬೈದ, ಕೊನೆಗೆ ಕೈಮುಗಿದ. ನಾವಿಬ್ಬರೂ ಕ್ಷೇಮವಾಗಿ ಮೇಲೆ ಬಂದೆವು, ಫಿಲ್ಮು ಮುಗಿಯಿತು. "ಸಾವಿರಾರು ವರ್ಷದ ದುರಂತವನ್ನು ಹಾಳು ಮಾಡಿದಿರಿ," ಎಂದು ಬಾವ ಕಲ್ಲಿನ ಮೇಲೆ ಕುಸಿದ. "ಹಾಳಾದದ್ದು ಎಂತ ಅಣ್ಣ? ನಾನು ಬದುಕಿದೆನಲ್ಲ," ಎಂದಳು ವಾರಿಜ.

ಮುಂದಿನ ರಜೆಯಲ್ಲಿ, ಹೊಸದಾಗಿ ಕರೆಂಟು ಬಂದಿದ್ದ ಬೆಳ್ತಂಗಡಿಯ ಮಾವನ ಮನೆಯಲ್ಲಿ ಗೋಡೆಗೆ ಬಿಳಿ ಪಂಚೆ ಕಟ್ಟಿ ಬಾವ ಆ ಸಿನಿಮಾ ತೋರಿಸಿದ. ಮಗಳು ಪಾತಾಳದಿಂದ ಮರಳಿದ್ದು ಕಂಡು ಅತ್ತೆ ಕಣ್ಣೊರೆಸಿಕೊಂಡರು. ಬಾವ ಮತ್ತೆ ಕ್ಯಾಮರಾ ಮುಟ್ಟಲಿಲ್ಲ. ಈಗ ಅವನಿಲ್ಲ, ಅವನ ಬೈಗುಳವನ್ನಾದರೂ ಇನ್ನೊಮ್ಮೆ ಕೇಳಬೇಕೆನಿಸುತ್ತದೆ.

ನನಗೀಗ ಮಂಡಿನೋವು. ಪೇಟೆಗೆ ಹೊರಟರೆ ವಾರಿಜ ಮುಂದೆ, ನಾನು ಹಿಂದೆ. ಅವಳು ಗಳಿಗೆಗೊಮ್ಮೆ ತಿರುಗಿ, "ಬರ್ತಾ ಇದ್ದೀರಾ?" ಎಂದು ನೋಡುತ್ತಾಳೆ. ಗ್ರೀಕರ ಲೆಕ್ಕದಲ್ಲಿ ನಾನು ಯಾವತ್ತೋ ಮಾಯವಾಗಿರಬೇಕಿತ್ತು.