ಮಾದಯ್ಯ ಬಿಡದ ಉಸಿರು

ಎಣಿಸುವುದು ನನ್ನ ಚಟ. ನಂಜನಗೂಡಿನಲ್ಲಿ ಹೊಳೆಗೆ ಇಳಿದರೆ ಮೆಟ್ಟಿಲು ಎಣಿಸುತ್ತೇನೆ, ಊಟಕ್ಕೆ ಕರೆದವರ ಮನೆಯಲ್ಲಿ ಹಪ್ಪಳ ಎಣಿಸುತ್ತೇನೆ. ಎರಡನ್ನೂ ದಿನಚರಿಯಲ್ಲಿ ಬರೆದಿಡುತ್ತೇನೆ. ಇದರಿಂದ ಯಾರಿಗೂ ತೊಂದರೆಯಿಲ್ಲವೆಂದು ಈಚಿನವರೆಗೆ ನಂಬಿದ್ದೆ.

ಏಳು ವರ್ಷ ಮೈಸೂರಿನ ಪಟದ ಅಂಗಡಿಯೊಂದರಲ್ಲಿ ಕರಿಬಟ್ಟೆಯೊಳಗೆ ತಲೆ ತೂರಿಸಿ, "ಅಲ್ಲಾಡಬೇಡಿ, ಉಸಿರು ಬಿಗಿಹಿಡಿಯಿರಿ" ಎನ್ನುವುದೇ ನನ್ನ ಉದ್ಯೋಗವಾಗಿತ್ತು. ಆಮೇಲೆ ನಮ್ಮ ಸಾಹುಕಾರರು ಚಲಿಸುವ ಚಿತ್ರದ ಪೆಟ್ಟಿಗೆ ತರಿಸಿದರು. ಆನೆ, ಅಂಬಾರಿಗಳ ಚಿತ್ರ ತೆಗೆಯುವುದನ್ನು ತಮಗೇ ಇಟ್ಟುಕೊಂಡು, ದುಡಿಯುವ ಜನರನ್ನು ನನಗೆ ಬಿಟ್ಟರು. ಪೆಟ್ಟಿಗೆಯ ಹಿಡಿ ತಿರುಗಿಸುತ್ತಾ ಸುತ್ತು ಎಣಿಸಬೇಕು. ಅದಕ್ಕೆ ನನ್ನಂಥವನು ಇನ್ನೆಲ್ಲಿ ಸಿಕ್ಕಾನು? ಕವಲಂದೆಯಲ್ಲಿ ರಾಗಿ ಒಕ್ಕುವವರು, ನೂರಿಪ್ಪತ್ತು ಸುತ್ತು. ನಂಜನಗೂಡಿನಲ್ಲಿ ಬಟ್ಟೆ ಒಗೆಯುವವರು, ತೊಂಬತ್ತು. ಅವರಿಗೆ ನನ್ನತ್ತ ನೋಡಲೂ ಪುರುಸೊತ್ತಿರಲಿಲ್ಲ. ಹಾಗಾಗಿ ಚಿತ್ರ ಚೆನ್ನಾಗಿಯೇ ಬಂತು.

ನರಸೀಪುರದ ಸಂಗಮದಲ್ಲಿ ಹರಿಗೋಲು ಹಾಕುವ ಮಾದಯ್ಯನ ಸರದಿ ಬಂದಾಗ ಸುರುಳಿಯಲ್ಲಿ ನಲವತ್ತು ಸುತ್ತು ಮಾತ್ರ ಉಳಿದಿತ್ತು. ಆತ ಮದುವೆಯ ಪೇಟ ಸುತ್ತಿಕೊಂಡು ಬಂದಿದ್ದ. ದಡಕ್ಕೆ ಕಟ್ಟಿದ್ದ ಹರಿಗೋಲಿನಲ್ಲಿ ಹುಟ್ಟು ಹಿಡಿದು ನಿಂತು ಕೇಳಿದ:

"ಯೆಂಗ್ ನಿಂತ್ಕಬೇಕು ಬುದ್ಧಿ?"

ಹಗ್ಗ ಬಿಚ್ಚಿ ಹುಟ್ಟು ಹಾಕು ಎನ್ನಬೇಕಿತ್ತು. ಏಳು ವರ್ಷ ಪಳಗಿದ ಬಾಯಿ, "ಅಲ್ಲಾಡಬೇಡಪ್ಪ, ಉಸಿರು ಬಿಗಿಹಿಡಿ" ಎಂದುಬಿಟ್ಟಿತು. ಮಾದಯ್ಯ ಎದೆಯುಬ್ಬಿಸಿ ಕಂಬದಂತೆ ನಿಂತ. ನಾನು ಎಣಿಕೆಯಲ್ಲಿ ಮುಳುಗಿದ್ದೆ. ನಲವತ್ತಕ್ಕೆ "ಆಯಿತು" ಎಂದೆ. ಆಗ ಬುಸ್ಸೆಂದು ಉಸಿರು ಬಿಟ್ಟು, ನಕ್ಕು, ಹಗ್ಗ ಬಿಚ್ಚಿ, ಹರಿಗೋಲನ್ನು ಬುಗುರಿಯಂತೆ ತಿರುಗಿಸಿ ತೋರಿಸಿದ. ನಾನು ದಿನಚರಿ ಬರೆಯುತ್ತಿದ್ದೆ: ಮಾದಯ್ಯ, ನಲವತ್ತು, ತೃಪ್ತಿಕರ.

ಆ ಮಳೆಗಾಲದ ಜ್ವರದಲ್ಲಿ ಮಾದಯ್ಯ ತೀರಿಕೊಂಡ. ಅವನದು ಬೇರೆ ಪಟವಿರಲಿಲ್ಲ. ಒಂದು ಸಲ ಮುಖ ನೋಡಬೇಕೆಂದು ಹೆಂಡತಿ ನಿಂಗಮ್ಮ ಹೇಳಿಕಳಿಸಿದಳು. ನರಸೀಪುರದ ಛತ್ರದ ಕಿಟಕಿಗಳಿಗೆ ಕಂಬಳಿ ಕಟ್ಟಿ, ಬಿಳಿ ಪಂಚೆ ಇಳಿಬಿಟ್ಟು, ಪೆಟ್ಟಿಗೆಯ ಹಿಂದೆ ದೀಪವಿಟ್ಟು ತೋರಿಸಿದೆ. ಪಂಚೆಯ ಮೇಲೆ ನೀರು ಹರಿಯಿತು. ಕೊಕ್ಕರೆ ಹಾರಿತು. ಮಾದಯ್ಯನೊಬ್ಬನೇ ಅಲ್ಲಾಡಲಿಲ್ಲ.

"ಮದ್ವೆಯಾದಾಗ್ನಿಂದ ಒಂದ್ ಗಳ್ಗೆ ಸುಮ್ಕೆ ನಿಂತೋನಲ್ಲ," ಎಂದಳು ನಿಂಗಮ್ಮ. "ಇಂಗ್ ನಿಂತ್ಕೊ ಅಂತ ಯಾರ್ ಯೇಳುದ್ರು?"

ಹೇಳಿದವನು ನಾನೇ ಎಂದೆ. ಅಷ್ಟರಲ್ಲಿ ಸುರುಳಿ ಮುಗಿದು ಪಂಚೆ ಬೆಳ್ಳಗಾಯಿತು.

"ಇನ್ನೊಸಿ ತಿರುಗ್ಸಿ ಬುದ್ಧಿ. ಉಸ್ರು ಬುಡೋಗಂಟ."

ಇರುವುದೇ ಅಷ್ಟು ಎಂದು ತಿಳಿಸಿ, ಮೊದಲಿನಿಂದ ಮತ್ತೆ ತೋರಿಸಿದೆ. ಮತ್ತೂ ತೋರಿಸಿದೆ. ಪ್ರತಿಸಲವೂ ಕೊನೆಗೆ ಅವಳು ಮುಂದಕ್ಕೆ ಬಾಗುತ್ತಿದ್ದಳು.

"ನೀವೇ ಬುಡು ಅನ್ನಿ," ಎಂದಳು. "ನಿಮ್ ಮಾತ್ ಕೇಳಿ ತಾನೆ ಇಡ್ಕಂಡಿರಾದು."

ಪಂಚೆಯ ಕಡೆ ತಿರುಗಿ, "ಆಯಿತು ಮಾದಯ್ಯ, ಬಿಡಪ್ಪ" ಎಂದೆ. ನಿಂಗಮ್ಮ ಸೆರಗಿನಿಂದ ಮುಖ ಒರೆಸಿಕೊಂಡು ಎದ್ದಳು.

ಎಷ್ಟು ಸಲ ತೋರಿಸಿದೆನೆಂಬುದು ದಿನಚರಿಯಲ್ಲಿಲ್ಲ. ಚಟ ಬಿಟ್ಟಿತೆಂದಲ್ಲ. ಈಗ ಪ್ರತಿಯೊಬ್ಬರಿಗೂ "ಆಯಿತು" ಎಂದ ಮೇಲೆ ಇನ್ನೂ ಐದು ಸುತ್ತು ತಿರುಗಿಸುತ್ತೇನೆ. ಅದು ದಂಡವೆಂದು ಸಾಹುಕಾರರು ಗೊಣಗುತ್ತಾರೆ. ಆ ಐದನ್ನು ಬರೆಯಲು ದಿನಚರಿಯಲ್ಲಿ ಗೆರೆ ಎಳೆದು ಬೇರೆ ಅಂಕಣ ಮಾಡಿದ್ದೇನೆ. ತಲೆಬರಹ: ಉಸಿರು.