ಮಂಗಳವಿಲ್ಲದ ಸಿನಿಮಾ

ವಯಸ್ಸಾದಂತೆ ಮನುಷ್ಯನ ಕುತೂಹಲ ಕುಗ್ಗುತ್ತದೆಂದು ನಾನು ಬಹುಕಾಲ ನಂಬಿದ್ದೆ. ಸಂಧ್ಯಾವಂದನೆ, ಪಾರಾಯಣ, ಎರಡು ಹೊತ್ತಿನ ಊಟ ಇಷ್ಟರಲ್ಲಿ ತೃಪ್ತನಾದ ಮದ್ದೂರಿನ ಪುರಾಣದ ಶಾಸ್ತ್ರಿಯೊಬ್ಬನು ಅರವತ್ತೆರಡನೆಯ ವಯಸ್ಸಿನಲ್ಲಿ ಮಂಡ್ಯದ ಸಿನಿಮಾ ಡೇರೆಯೊಳಗೆ, ಬೀಡಿಯ ಹೊಗೆಯ ನಡುವೆ, ಮರಳಿನ ಮೇಲೆ ಪದ್ಮಾಸನ ಹಾಕಿ ಕುಳಿತನೆಂದ ಮೇಲೆ ಆ ನಂಬಿಕೆಯ ಗತಿಯನ್ನು ವಿವರಿಸಬೇಕಾಗಿಲ್ಲ.

ಕಾರಣವಿತ್ತು. ನೆರೆಮನೆಯ ತಿಮ್ಮೇಗೌಡರ ಮಗಳು ಕೆಂಪಮ್ಮ ಮೊದಲ ಆಷಾಢಕ್ಕೆಂದು ತವರಿಗೆ ಬಂದಿದ್ದಳು. ಹೊಸ ದಂಪತಿಗಳು ಆ ತಿಂಗಳು ಅಗಲಿರಬೇಕೆಂಬುದು ಹಿರಿಯರ ಕಟ್ಟಳೆ. ಆದರೆ ಎಂಟನೆಯ ದಿನವೇ ಅಳಿಯ ಜವರ ಯಲಿಯೂರಿನಿಂದ ಬಂದು ಜಗಲಿಯ ಮೇಲೆ ಕುಳಿತ. ಹೆಂಡತಿಯನ್ನು ಕಳುಹಿಸುವವರೆಗೆ ನೀರನ್ನೂ ಮುಟ್ಟನಂತೆ. ಒಳಗೆ ಹುಡುಗಿ ಅಳುತ್ತಿದ್ದಳು: "ನಾನ್ ಓಗಕಿಲ್ಲ ಕಣಪ್ಪ. ಬಾವಿಗೋದ್ರೂ ಇಂದೆ ಬತ್ತಾನೆ, ಯಾರ್ನ ಮಾತಾಡ್ಸ್ದೆ ಅಂತಾನೆ. ಉಸ್ರು ಕಟ್ತದೆ."

ಗೌಡರು ನನ್ನಲ್ಲಿಗೆ ಬಂದರು. "ಮಂಡ್ಯದ್ ಡೇರೇಲಿ ಆ ಹಾಳ್ ಸಿನಿಮಾನ ನಾಕ್ ಸಲ ನೋಡವ್ನೆ ಸ್ವಾಮಿ. ಪ್ರೀತಿ ಅಂದ್ರೆ ಅಂಗಿರ್ಬೇಕಂತೆ. ಕಳಿಸ್ಲಾ, ಬ್ಯಾಡ್ವಾ? ನೀವೇಳ್ದಂಗೆ."

ರೋಗವನ್ನು ನೋಡದೆ ಮದ್ದು ಹೇಳಬಾರದೆಂದು ಗೌಡರಿಗೆ ಹೇಳಿ ರೈಲು ಹತ್ತಿದೆ. ನಿಜವಾಗಿ ನನಗೆ ಸಿನಿಮಾ ನೋಡುವ ಆಸೆಯೇ ಇತ್ತು.

ಕಥೆ ಘೋರವಾದದ್ದು. ಗಂಡ ಕಿಟಕಿಗಳಿಗೆ ಮೊಳೆ ಹೊಡೆಯುತ್ತಾನೆ. ಹೆಂಡತಿ ಅವನು ಹೊರಗೆ ಹೋಗದಂತೆ ಅವನ ಚಪ್ಪಲಿಗಳನ್ನು ಒಲೆಗೆ ಹಾಕುತ್ತಾಳೆ. ಕೊನೆಗೆ ಹೊಳೆಯಲ್ಲಿ ದೋಣಿ ಮಗುಚಿದಾಗ, ಒಬ್ಬರು ಕೈ ಬಿಟ್ಟಿದ್ದರೂ ಇಬ್ಬರೂ ಈಜಿ ಬದುಕಬಹುದಿತ್ತು, ಬಿಡಲಿಲ್ಲ, ಮುಳುಗಿದರು. ಪುರಾಣದಲ್ಲಿ ಸಾವಿನ ಪ್ರಸಂಗಕ್ಕೆ ಓದು ನಿಲ್ಲಿಸುವ ಪದ್ಧತಿಯಿಲ್ಲ. ಶುಭಪ್ರಸಂಗದವರೆಗೆ ಓದಿ, ಮಂಗಳ ಹಾಡಿ ಗ್ರಂಥ ಕಟ್ಟಬೇಕು. ಆದ್ದರಿಂದ ನಾನು ಕೈಮುಗಿದು ಕಾಯುತ್ತಲೇ ಇದ್ದೆ. ಡೇರೆಯವನು ಬಂದ.

"ಏಳಿ ಸ್ವಾಮಿ, ಮುಗೀತು."

"ಮಂಗಳ ಆಗಲಿಲ್ಲವಲ್ಲಪ್ಪ?"

"ಇಬ್ರೂ ಸತ್ತೋದ್ರು, ಇನ್ಯಾರಿಗ್ ಮಂಗಳ?"

ಮರುದಿನ ಬೆಳಿಗ್ಗೆ, ಇನ್ನೂ ಗೌಡರ ಜಗಲಿಯಲ್ಲೇ ಇದ್ದ ಜವರನ ಪಕ್ಕದಲ್ಲಿ ಕುಳಿತು ಕೇಳಿದೆ: "ನಾಲ್ಕು ಸಲ ನೋಡಿದೆಯಲ್ಲ, ಕೊನೆಗೆ ಅವರಿಗೇನಾಯಿತು?"

"ಗೊತ್ತಿಲ್ಲ ಸ್ವಾಮಿ. ಮನೇಲಿ ಇವ್ಳೊಬ್ಳೇ ಅಂತ ಪ್ರತಿ ಸಲಾನೂ ಅರ್ಧಕ್ಕೇ ಎದ್ದೋಯ್ತಿದ್ದೆ."

ಉಳಿದರ್ಧವನ್ನು ನಾನೇ ಹೇಳಿದೆ. "ಇಬ್ರೂವಾ?" ಎಂದ. ನಂತರ ಚೊಂಬು ಎತ್ತಿ ನೀರು ಕುಡಿದ. ಕೆಂಪಮ್ಮ ಆಷಾಢ ಮುಗಿಯುವವರೆಗೆ ಇಲ್ಲೇ ಇರಲೆಂದು ಒಪ್ಪಿ, ಹೊರಡುವಾಗ ಒಂದು ಮಾತು ಕೇಳಿದ: "ಅಮ್ಮಾವ್ರು ತವರಿಗೋದ್ರೆ ನೀವೆಷ್ಟ್ ದಿನ ತಡ್ಕತೀರಿ ಸ್ವಾಮಿ?"

ಉತ್ತರ ನಮ್ಮ ಬಾಗಿಲಿನಿಂದ ಬಂತು. "ಮೂರು ದಿನ ಕಣಪ್ಪ," ಎಂದಳು ನನ್ನ ಹೆಂಡತಿ. "ನಾಲ್ಕನೇ ದಿನ ಇವರ ಕಾಗದ ಬರುತ್ತೆ: ಮಡಿ ಅಡುಗೆಗೆ ತೊಂದರೆ, ಕೂಡಲೇ ಹೊರಡು ಅಂತ. ನಲವತ್ತು ವರ್ಷದಿಂದ ಇದೇ."

ಆ ವಾರವೇ ಅವಳು ಮಳವಳ್ಳಿಯ ತಮ್ಮನ ಮನೆಗೆ ಹೊರಟಳು. ಧರ್ಮ ಹೇಳಿದವನು ಅಡ್ಡ ಬರುವಂತಿರಲಿಲ್ಲ. ಒಂಬತ್ತನೆಯ ದಿನ, ಸೀದ ಅನ್ನ ಉಂಡು, ಮಳವಳ್ಳಿಯ ಬಸ್ಸು ಎಷ್ಟು ಹೊತ್ತಿಗೆಂದು ವಿಚಾರಿಸುತ್ತಿದ್ದೆ. ಸಂತೆಗೆ ಬಂದಿದ್ದ ಜವರ ಎಲ್ಲಿಂದಲೋ ನೋಡಿ, ಹತ್ತಿರ ಬಂದು, ಬಹಳ ಮರ್ಯಾದೆಯಿಂದ ನನ್ನ ಕೈಯಲ್ಲಿದ್ದ ಚೀಲವನ್ನು ಇಸಿದುಕೊಂಡ.

"ಬ್ಯಾಡಿ ಸ್ವಾಮಿ. ನಾನೇ ನಮ್ಮವ್ಳ ಬೀದಿಗ್ ಕಾಲಿಡ್ದೆ ತಡ್ಕಂಡಿಲ್ವಾ? ನಡೀರಿ, ಮನೆಗ್ ಬುಟ್ಬತ್ತೀನಿ."