ಆಯುಧಪೂಜೆಗೆ ಕೂತ ಪುಸ್ತಕ

ಭೇರ್ಯದ ಗ್ರಂಥಾಲಯಕ್ಕೆ ಬಂದ ಆ ದಪ್ಪ ಪುಸ್ತಕವನ್ನು ಊರಲ್ಲಿ ಒಬ್ಬರೂ ಓದಿರಲಿಲ್ಲ. ಜಗಳಕ್ಕೆ ಅದೇ ಅನುಕೂಲವಾಯಿತು. ಭಯೋತ್ಪಾದನೆಯ ಮೇಲೆ, ಧರ್ಮದ ಅಮಲು ಏರಿಸಿ ಹುಡುಗರ ಕೈಗೆ ಬಾಂಬು ಕೊಡುವವರ ಮೇಲೆ ಬರೆದ ಪ್ರಬಂಧಗಳಂತೆ. ಅದರ ಬಗ್ಗೆ ಪತ್ರಿಕೆಗಳಲ್ಲಿ ನಡೆದಿದ್ದ ಕಿತ್ತಾಟ ಬಸ್ಸು ಹತ್ತಿ ಭೇರ್ಯಕ್ಕೂ ಬಂದಿತ್ತು.

ಗ್ರಂಥಪಾಲಕ ಶಶಿಕುಮಾರನಿಗೆ ಸಾಕಾಗಿಹೋಗಿತ್ತು. ಆಯುಧಪೂಜೆಯ ಆ ಬೆಳಿಗ್ಗೆ ಕಪಾಟಿಗೊಂದು ಹೂವಿಟ್ಟು ಬೇಗ ಕೆ.ಆರ್. ನಗರಕ್ಕೆ ಮರಳಬೇಕಿತ್ತು. ಮನೆಯಲ್ಲಿ ಸ್ಕೂಟರು ಪೂಜೆಗೆಂದು ತೊಳೆದಿಟ್ಟಿತ್ತು. "ಈ ಸಲನೂ ಹಬ್ಬದೂಟಕ್ಕೆ ಬರದೇ ಇದ್ರೆ ನಾನು ಹೊಳೆನರಸೀಪುರಕ್ಕೆ, ತವರಿಗೆ ಹೊರಟುಬಿಡ್ತೀನಿ" ಎಂದಿದ್ದಳು ಹೆಂಡತಿ ರೂಪಶ್ರೀ. ಹೇಳಿದ್ದನ್ನು ಮಾಡುವ ಹೆಂಗಸು.

ಬಾಗಿಲಲ್ಲೇ ಕನಕರಾಜುವಿನ ಗುಂಪು ನಿಂತಿತ್ತು. "ಸಾ, ಆ ಪುಸ್ತಕ ನಮ್ ಧರ್ಮಾನ ಬೈತದಂತೆ. ಆಚಿಗಾಕಿ. ಇಲ್ಲಾಂದ್ರೆ ನಾವೇ ಎತ್ಕೊಂಡೋಗಿ ಒಲೆಗಾಕ್ತೀವಿ."

ಹಿಂದೆಯೇ ಲಿಂಗರಾಜುವಿನ ಗುಂಪು. "ಅದೆಂಗ್ಲಾ ಆಕ್ತೀಯೆ? ಊರೋರೆಲ್ಲ ಓದ್ಬೇಕಾದ್ ಪುಸ್ತಕ ಕಣ್ಲಾ ಅದು!"

"ನೀವು ಓದಿದ್ದೀರಾ?" ಎಂದ ಶಶಿಕುಮಾರ.

"ನಂಗೆಲ್ಲಿ ಸಾ ಪುರ್ಸೊತ್ತು? ಬ್ಯಾರನ್ ಗೂಡಲ್ಲಿ ಹೊಗೆಸೊಪ್ಪು ಬೇಯ್ತಾ ಅದೆ" ಎಂದ ಲಿಂಗರಾಜು.

"ಕೆಟ್ಟದ್ದು ಅಂತ ಗೊತ್ತಿದ್ಮ್ಯಾಲೆ ಓದೋದ್ಯಾಕೆ?" ಎಂದ ಕನಕರಾಜು.

ಎರಡೂ ಕಡೆ ಅಂಗಿಯ ತೋಳುಗಳು ಮೇಲೇರಿದವು. ದೂರದಲ್ಲಿ ಕೆ.ಆರ್. ನಗರಕ್ಕೆ ಹೋಗುವ ಬಸ್ಸಿನ ಹಾರನ್ನು ಕೇಳಿಸಿತು. ಆ ಹತಾಶೆಯಲ್ಲೇ ಶಶಿಕುಮಾರನಿಗೆ ಬುದ್ಧಿ ಹೊಳೆಯಿತು. ಪುಸ್ತಕವನ್ನು ಸ್ಟೂಲಿನ ಮೇಲಿಟ್ಟು, ಕುಂಕುಮ ಹಚ್ಚಿ, ಹೂವು ಮುಡಿಸಿ, ಊದುಬತ್ತಿ ಬೆಳಗಿದ.

"ಲೈಬ್ರರಿಯವನ ಆಯುಧ ಪುಸ್ತಕ ಕಣ್ರಪ್ಪ. ಪೂಜೆಗೆ ಕೂತದ್ದನ್ನ ಇವತ್ತು ಯಾರೂ ಮುಟ್ಟೋ ಹಾಗಿಲ್ಲ."

ಒಲೆಗೆ ಹಾಕುತ್ತೇನೆಂದಿದ್ದ ಕನಕರಾಜು ಗಡಬಡಿಸಿ ಚಪ್ಪಲಿ ಬಿಟ್ಟು ಕೈಮುಗಿದ. ಲಿಂಗರಾಜುವೂ ಮುಗಿದ. ಬದುಕಿದೆಯಾ ಬಡಜೀವವೇ ಎಂದು ಶಶಿಕುಮಾರ ಚೀಲ ಹೆಗಲಿಗೇರಿಸಿದ.

ಮೆಟ್ಟಿಲಲ್ಲಿ ಹಿರಿಯ ಸಿದ್ದಯ್ಯ ಎದುರಾದ. ಪಕ್ಕದಲ್ಲೇ ತನ್ನ ಟ್ರ್ಯಾಕ್ಟರಿಗೆ ಪೂಜೆ ಮುಗಿಸಿ, ಕಡ್ಲೆಪುರಿ ಹಂಚುತ್ತ ಬಂದಿದ್ದ.

"ಎಲ್ಲಿಗ್ ಒಂಟ್ರಿ ಸಾ? ಟ್ರ್ಯಾಕ್ಟರ್ನ ನಿಂಬೆಹಣ್ಣಿನ ಮ್ಯಾಲೆ ಅತ್ತಿಸಿ, ಊರು ಸುತ್ತಾಕಿಸ್ದೆ ನಾನು ಬುಟ್ನಾ? ಪೂಜೆ ಮಾಡಿದ್ ಆಯುಧಾನ ಸುಮ್ಕೆ ನಿಲ್ಲಿಸ್ಬಾರ್ದು. ಊರಿಗೇ ಕೇಡು. ಪುಸ್ತಕ ಅಂದ್ಮೇಲೆ ಓದ್ಬೇಕು."

"ಒಂದು ಸಾಲು ಓದಿಬಿಡ್ತೀನಿ ಯಜಮಾನ್ರೇ."

"ಒಂದ್ ಸಾಲಾ? ನಾನೇನು ಒಂದ್ ಗಾಲಿ ಉರುಳಿಸಿ ಬುಟ್ನಾ?"

"ಪೂರ್ತಿ ಓದಿ ಸಾ, ಎಲ್ಲಿ ಬೈದವ್ನೆ ನೋಡೇ ಬುಡಾನ" ಎಂದ ಕನಕರಾಜು. "ಒಂದ್ ಪುಟಾನೂ ಬುಡ್ಬೇಡಿ" ಎಂದ ಲಿಂಗರಾಜು. ಅವರಿಬ್ಬರೂ ಒಂದು ಮಾತಿಗೆ ಒಪ್ಪಿದ್ದು ಅದೇ ಮೊದಲು. ಟ್ರ್ಯಾಕ್ಟರ್ ಪೂಜೆಯ ಮೈಕು ಗ್ರಂಥಾಲಯದ ಜಗುಲಿಗೆ ಬಂತು.

ಸಂಜೆಯಾದರೂ ಮುನ್ನುಡಿ ಮುಗಿಯಲಿಲ್ಲ. ಕನಕರಾಜು ಲಿಂಗರಾಜುವಿನ ಹೆಗಲಿಗೆ ತಲೆಯಿಟ್ಟು ಗೊರಕೆ ಹೊಡೆಯುತ್ತಿದ್ದ. ಲಿಂಗರಾಜು ಅವನ ತಲೆಗೆ ತಲೆಯಾನಿಸಿದ್ದ. ಶಶಿಕುಮಾರ ಮೆಲ್ಲಗೆ ಪುಸ್ತಕ ಮುಚ್ಚಿದ. ಇಬ್ಬರೂ ಒಟ್ಟಿಗೇ ಕಣ್ಣು ಬಿಟ್ಟರು.

"ಯಾಕ್ ನಿಲ್ಲಿಸಿದ್ರಿ ಸಾ? ಕೇಳ್ತಾ ಇದ್ದೀವಲ್ಲ!"

ಅಷ್ಟರಲ್ಲಿ ಕೆ.ಆರ್. ನಗರದ ಕಡೆಯಿಂದ ಹೊಳೆನರಸೀಪುರಕ್ಕೆ ಹೋಗುವ ಬಸ್ಸು ಬಂದು ಎದುರಿಗೇ ನಿಂತಿತು. ಕಿಟಕಿಯಲ್ಲಿ, ತೊಡೆಯ ಮೇಲೆ ಸೂಟ್‌ಕೇಸು ಇಟ್ಟುಕೊಂಡು ರೂಪಶ್ರೀ ಕೂತಿದ್ದಳು. ಮೈಕು ಹಿಡಿದ ಗಂಡನನ್ನು ಒಮ್ಮೆ ನೋಡಿ ಕಿಟಕಿಯ ಗಾಜು ಎಳೆದುಕೊಂಡಳು.

ಶಶಿಕುಮಾರ ಪುಟ ತಿರುವಿದ.